ಬಾದಾಮಿಯ ಕೆಂಬಂಡೆಗಳು ಮತ್ತು ಕಂದರ

ಬಾದಾಮಿಯ ಅಗಸ್ತ್ಯತೀರ್ಥದ ದಂಡೆಯಲ್ಲಿ ನಿಂತವರ ಎಡಬಲಗಳಲ್ಲಿ ಕೆಂಪು ಕಲ್ಲಿನ ಎರಡು ಬೆಟ್ಟಗಳು ಗೋಡೆಗಳಂತೆ ನೆಟ್ಟಗೆ ನಿಂತಿವೆ. ಇವು ನೆಲದೊಳಗಿಂದ ಬೇರೆ ಬೇರೆಯಾಗಿ ಮೇಲೆದ್ದ ಬೆಟ್ಟಗಳೆಂದು ಯಾತ್ರಿಕರು ಭಾವಿಸುವುದುಂಟು. ವಸ್ತುಸ್ಥಿತಿ ಹಾಗಿಲ್ಲ. ಇವೆರಡೂ ಒಂದೇ ಹಾಸುಗಲ್ಲಿನ ಅಂಚುಗಳು. ನಡುವಣ ಭಾಗ ಸವೆದು ಹೋದುದರಿಂದಲೇ ಕಂದರವುಂಟಾಯಿತು.

ಈ ಸೀಮೆಯ ಶಿಲೆಗಳನ್ನು ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ 1876ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ವಿವರಿಸಿ, ಅವುಗಳಿಗೆ ಕಲಾದಗಿಯ ಹೆಸರನ್ನಿತ್ತರು. ಬಾದಾಮಿಯ ಮರಳುಗಲ್ಲು ಈ ಸ್ತೋಮದ ಮೇಲ್ಭಾಗದ್ದು. ಇದರ ಅಡಿಯಲ್ಲಿರುವ ಹಳೆಯ ಪದರಗಳು ಭೂಚಲನೆಯಿಂದ ಮಡಿಚಿಕೊಂಡಿವೆ. ಆ ಮಡಿಕೆಗಳು ಸವೆದ ಬಳಿಕ ಹರಡಿದ ಬಾದಾಮಿಯ ಪದರಗಳಾದರೋ ಬಹುಮಟ್ಟಿಗೆ ಸಮತಲವಾಗಿಯೇ ಉಳಿದಿವೆ.

ಈ ಕಲ್ಲು ಮೂಲದಲ್ಲಿ ಹೊಳೆಯ ಮರಳು. ಅದರ ಕಾಲ 54 ಕೋಟಿ ವರ್ಷಗಳಿಗಿಂತಲೂ ಹಿಂದಿನದು. ಆಗ ನೆಲದ ಮೇಲೆ ಮರವಿರಲಿ, ಹುಲ್ಲಿನ ಎಸಳೂ ಇರಲಿಲ್ಲ. ದಡದ ಮಣ್ಣನ್ನು ಹಿಡಿದಿಡುವ ಬೇರುಗಳಿಲ್ಲದ ಕಾರಣ ನದಿಗಳು ಇಂದಿನಂತೆ ಒಂದೇ ಪಾತ್ರದಲ್ಲಿ ಹರಿಯದೆ, ಹಲವು ಕವಲುಗಳಾಗಿ ಬಯಲೆಲ್ಲ ಹರಡಿ, ಮರಳಿನ ದಿಬ್ಬಗಳನ್ನು ಒಡ್ಡುತ್ತ, ಕೆಡವುತ್ತ, ಮತ್ತೆ ಒಡ್ಡುತ್ತ ಸಾಗುತ್ತಿದ್ದವು. ಬಂಡೆಯ ಮೈಯಲ್ಲಿ ಓರೆಯಾಗಿ ಸಾಗಿ, ಮೇಲಿನ ಪದರದಲ್ಲಿ ಥಟ್ಟನೆ ಕಡಿದು ಹೋಗುವ ಗೆರೆಗಳು ಆ ದಿಬ್ಬಗಳ ಇಳಿಜಾರುಗಳೇ. ಅವು ವಾಲಿದ ದಿಕ್ಕನ್ನು ಅಳೆದು, ಅಂದಿನ ನೀರು ಯಾವ ಕಡೆಗೆ ಹರಿಯಿತೆಂಬುದನ್ನು ತಜ್ಞರು ತಿಳಿಯಬಲ್ಲರು. ಹೂತುಹೋದ ಮರಳಿನ ಕಣಗಳ ನಡುವೆ ಇಂಗಿದ ನೀರು ಸಿಲಿಕವನ್ನು ತಂದು ಬೆಸೆಯಿತು. ಕಬ್ಬಿಣದ ಆಕ್ಸೈಡು ಕೆಂಪು ಬಣ್ಣವಿತ್ತಿತು.

ಕಂದರದ ಕಥೆ ಇದಕ್ಕಿಂತ ಬಹಳ ಈಚಿನದು. ಗಟ್ಟಿಯಾದ ಹಾಸುಗಲ್ಲಿನಲ್ಲಿ ಮೇಲಿನಿಂದ ಕೆಳಕ್ಕೆ ನೆಟ್ಟನೆಯ ಬಿರುಕುಗಳು ಬಿದ್ದವು. ಮಳೆನೀರು ಆ ದಾರಿ ಹಿಡಿದು ಅವನ್ನು ಅಗಲಿಸಿತು. ಅಡಿಯ ಮೆದು ಪದರಗಳು ಮೊದಲು ಸವೆದವು. ಆಧಾರ ತಪ್ಪಿದ ಬಂಡೆ ಬಿರುಕಿನ ಗುಂಟ ಸೀಳಿ ಉರುಳಿತು. ಹೀಗೆ ಉರುಳಿದುದರಿಂದಲೇ ಉಳಿದ ಗೋಡೆ ಇಳಿಜಾರಾಗದೆ ನೆಟ್ಟಗೆ ನಿಂತಿದೆ. ಉತ್ತರದ ಕೋಟೆಗೆ ಏರುವ ಇಕ್ಕಟ್ಟಾದ ಸೀಳುದಾರಿಗಳು ಇದೇ ಕೆಲಸದ ನಡುಹಂತವನ್ನು ತೋರುತ್ತವೆ.

ಚಾಲುಕ್ಯರ ಶಿಲ್ಪಿಗಳು ಈ ಕಲ್ಲಿನ ಗುಣವನ್ನು ಚೆನ್ನಾಗಿ ಬಲ್ಲವರಾಗಿದ್ದರು. ಕ್ರಿ. ಶ. 578ರ ಶಾಸನವಿರುವ ಮೂರನೆಯ ಗುಹೆಯಲ್ಲಿ ಸಮತಲವಾದ ಪದರಗಳು ಚಾವಣಿಗೂ ನೆಲಕ್ಕೂ ಒದಗಿಬಂದಿವೆ. ಕಲ್ಲಿನ ಬಣ್ಣದ ಪಟ್ಟೆಗಳು ಮೂರ್ತಿಗಳ ಮೈಮೇಲೂ ಹಾದುಹೋಗಿವೆ. ಆದರೆ ಕಂದರವನ್ನು ಕೊರೆದ ನೀರು ಇಂದಿಗೂ ಸುಮ್ಮನಿಲ್ಲ. ಬೆಟ್ಟದ ನೆತ್ತಿಯ ಬಿರುಕುಗಳಲ್ಲಿ ಇಳಿದ ಮಳೆ ಕಲ್ಲಿನೊಳಗೆ ಜಿನುಗಿ, ಮರಳಿನ ಕಣಗಳ ಬೆಸುಗೆಯನ್ನು ಸಡಿಲಿಸುತ್ತದೆ. ಸಡಿಲಿದ ಶಿಲ್ಪ ಮರಳಿ ಮರಳಾಗಿ ಉದುರುತ್ತದೆ.