ಇಬ್ಬರು ಸಿಸ್ಟರ್‌ಗಳ ಜಗಳ, ನಡುವೆ ಒಬ್ಬ ರೋಗಿ

ಮಗಳು ನರ್ಸಿಂಗ್ ಮುಗಿಸಿ ಕೆಲಸಕ್ಕೆ ಸೇರಿದ ಮೇಲೆ ಮನೆಗೆ ಬರುವ ಮೊದಲ ದೂರು ರೋಗಿಗಳ ಬಗ್ಗೆ ಇರುವುದಿಲ್ಲ. "ಇನ್‌ಚಾರ್ಜ್ ಸಿಸ್ಟರ್ ಸುಮ್ಮಸುಮ್ಮನೆ ಬೈತಾರೆ ಉಮ್ಮಾ, ನೈಟ್ ಡ್ಯೂಟಿ ಎಲ್ಲ ನನಗೇ ಹಾಕ್ತಾರೆ" ಅಂತ ಇರುತ್ತದೆ. ಮಂಗಳೂರಿನ ಹುಡುಗಿಯೂ ಇದನ್ನೇ ಹೇಳುತ್ತಾಳೆ, ಬೀದರ್ ತಾಲೂಕಿನ ಜನವಾಡದ ಹುಡುಗಿಯೂ ಇದನ್ನೇ ಹೇಳುತ್ತಾಳೆ. ಕೇಳಿದವರ ಉತ್ತರವೂ ಒಂದೇ: "ಹೆಂಗಸರು ಸೇರಿದಲ್ಲಿ ಜಗಳ ಇದ್ದದ್ದೇ." ಕೆಲವು ಮನೆಯವರು ಅಷ್ಟಕ್ಕೇ ಕೆಲಸ ಬಿಡಿಸಿಬಿಡುತ್ತಾರೆ. ಮೂರ್ನಾಲ್ಕು ವರ್ಷದ ಓದು, ಸಾಲ ಮಾಡಿ ಕಟ್ಟಿದ ಫೀಸು, ಎಲ್ಲ ನೀರುಪಾಲು.

ಈ ಮಾತು ಸರಿಯೇ? ನರ್ಸಿಂಗ್ ಚರಿತ್ರೆಯ ಒಂದು ಹಳೆಯ ಜಗಳವನ್ನು ನೋಡೋಣ.

1854ರಲ್ಲಿ ಕ್ರಿಮಿಯಾ ಯುದ್ಧ ನಡೆಯುತ್ತಿತ್ತು. ರಷ್ಯಾದ ಎದುರು ಉಸ್ಮಾನಿಯಾ ತುರ್ಕಿ, ಬ್ರಿಟನ್, ಫ್ರಾನ್ಸ್ ಒಂದಾಗಿದ್ದವು. ಗಾಯಗೊಂಡ ಬ್ರಿಟಿಷ್ ಸೈನಿಕರನ್ನು ಇಸ್ತಾಂಬುಲ್ ಎದುರಿನ ಸ್ಕುಟಾರಿ ಆಸ್ಪತ್ರೆಗೆ ತರುತ್ತಿದ್ದರು. ನವೆಂಬರ್‌ನಲ್ಲಿ ಫ್ಲಾರೆನ್ಸ್ ನೈಟಿಂಗೇಲ್ 38 ಮಂದಿ ನರ್ಸ್‌ಗಳೊಂದಿಗೆ ಅಲ್ಲಿಗೆ ಬಂದರು. ಮರು ತಿಂಗಳೇ ಅವರನ್ನು ಕೇಳದೆ ಇನ್ನೊಂದು ತಂಡ ಬಂದಿಳಿಯಿತು. ಅದರಲ್ಲಿ ಐರ್ಲೆಂಡಿನ ಮದರ್ ಫ್ರಾನ್ಸಿಸ್ ಬ್ರಿಜ್‌ಮನ್ ಮತ್ತು ಅವರ ಕನ್ಯಾಸ್ತ್ರೀಯರೂ ಇದ್ದರು.

ಇಬ್ಬರೂ ಸಮರ್ಥರೇ, ಆದರೆ ದಾರಿ ಬೇರೆ. ನೈಟಿಂಗೇಲ್‌ಗೆ ಒಬ್ಬರೇ ಮುಖ್ಯಸ್ಥರು, ಒಂದೇ ನಿಯಮ, ಎಲ್ಲಕ್ಕೂ ಲೆಕ್ಕ ಇರಬೇಕಿತ್ತು. ಹೇಳಿದಂತೆ ಕೇಳದವರನ್ನು ಅವರು ಊರಿಗೆ ಕಳಿಸಿದ್ದೂ ಉಂಟು. ಬ್ರಿಜ್‌ಮನ್ ತಂಡ ಮನೆಯ ಹಾಗೆ. ತನ್ನವರು ತನ್ನ ಮಾತನ್ನೇ ಕೇಳಬೇಕು, ತಂಡ ಒಡೆಯಬಾರದು ಎಂಬುದು ಅವರ ಹಟ. ಸಿಟ್ಟಿಗೆದ್ದ ನೈಟಿಂಗೇಲ್ ಅವರಿಗೆ 'ಬ್ರಿಕ್‌ಬ್ಯಾಟ್', ಅಂದರೆ ಇಟ್ಟಿಗೆ ತುಂಡು, ಎಂದು ಅಡ್ಡ ಹೆಸರಿಟ್ಟರು. ಬ್ರಿಜ್‌ಮನ್ ಬೇರೆ ಆಸ್ಪತ್ರೆಗೆ ಹೋದರು, ಅಲ್ಲಿಂದ ಮುಂದೆ ಕ್ರಿಮಿಯಾದ ಬಾಲಾಕ್ಲಾವಕ್ಕೂ ಹೋದರು.

ಜಗಳದ ಬೇರು ಎಲ್ಲಿತ್ತು? ಒಂದು ಕಾಗದದಲ್ಲಿ. ನೈಟಿಂಗೇಲ್‌ಗೆ ಕೊಟ್ಟ ಆದೇಶದಲ್ಲಿ ಇದ್ದದ್ದು 'ತುರ್ಕಿಯ ಆಸ್ಪತ್ರೆಗಳು' ಎಂದು. ಬಾಲಾಕ್ಲಾವ ಇದ್ದದ್ದು ರಷ್ಯಾದ ನೆಲದಲ್ಲಿ! ಹಾಗಾದರೆ ಅಲ್ಲಿ ಯಾರ ಮಾತು ನಡೆಯಬೇಕು? ಎಲ್ಲ ಸೈನಿಕ ಆಸ್ಪತ್ರೆಗಳ ನರ್ಸ್‌ಗಳಿಗೂ ನೈಟಿಂಗೇಲ್ ಅವರೇ ಮುಖ್ಯಸ್ಥೆ ಎಂಬ ಸ್ಪಷ್ಟ ಆದೇಶ ಬಂದದ್ದು 1856ರ ಮಾರ್ಚ್ 16ಕ್ಕೆ. ಬ್ರಿಜ್‌ಮನ್ ರಾಜೀನಾಮೆ ಕೊಟ್ಟು ಹೊರಟರು. ಮಾರ್ಚ್ 30ಕ್ಕೆ ಶಾಂತಿ ಒಪ್ಪಂದವೇ ಆಗಿಹೋಯಿತು. ಮೇಲಿನವರು ಮೊದಲೇ ನಾಲ್ಕು ಸಾಲು ಸರಿಯಾಗಿ ಬರೆದಿದ್ದರೆ ಇಬ್ಬರು ಒಳ್ಳೆಯ ಹೆಂಗಸರ ಶಕ್ತಿ ಒಂದೇ ಕಡೆ ಸೇರುತ್ತಿತ್ತು.

ಮದೀನಾದ ಮಸೀದಿಯಲ್ಲಿ ರುಫೈದಾ (ರ.) ಅವರ ಡೇರೆ ಇತ್ತಲ್ಲ, ಅದನ್ನು ನೆನಪಿಸಿಕೊಳ್ಳಿ. ಖಂದಕ್ ಯುದ್ಧದಲ್ಲಿ ಗಾಯಗೊಂಡ ಸಅದ್ ಬಿನ್ ಮುಆದ್ (ರ.) ಅವರನ್ನು ಅಲ್ಲಿಗೇ ಸೇರಿಸಲು ಪ್ರವಾದಿಯವರು (ಸ.ಅ.) ಹೇಳಿದರು. ಆರೈಕೆ ಯಾರ ಜವಾಬ್ದಾರಿ ಎಂಬುದರಲ್ಲಿ ಗೊಂದಲವೇ ಇರಲಿಲ್ಲ.

ಇವತ್ತಿನ ವಾರ್ಡ್‌ಗಳಲ್ಲೂ ಕಾಗದದ ಕಥೆಯೇ. ಮೂರು ವರ್ಷದ ಜಿಎನ್‌ಎಂ ಮಾಡಿ ಇಪ್ಪತ್ತು ವರ್ಷ ದುಡಿದ ಹಿರಿಯರು ಒಂದು ಕಡೆ, ನಾಲ್ಕು ವರ್ಷದ ಬಿಎಸ್ಸಿ ಮಾಡಿ ನಿನ್ನೆ ಬಂದವಳು ಇನ್ನೊಂದು ಕಡೆ. ಕಾಯಂ ನೌಕರರು, ಗುತ್ತಿಗೆಯವರು ಅಕ್ಕಪಕ್ಕ. ಕೆಲಸ ಒಂದೇ, ಸಂಬಳ ಬೇರೆ. ಬೋಧಕ ಆಸ್ಪತ್ರೆಯ ಸಾಮಾನ್ಯ ವಾರ್ಡ್‌ನಲ್ಲಿ 3 ರೋಗಿಗೆ ಒಬ್ಬ ನರ್ಸ್, ಇತರ ಆಸ್ಪತ್ರೆಗಳಲ್ಲಿ 5 ರೋಗಿಗೆ ಒಬ್ಬರು ಎನ್ನುತ್ತದೆ ಭಾರತೀಯ ನರ್ಸಿಂಗ್ ಕೌನ್ಸಿಲ್ ಲೆಕ್ಕ. ಜನ ಕಮ್ಮಿಯಾದಾಗ ಮೇಲಿನವರು ಕೆಳಗಿನವರ ಮೇಲೆ ರೇಗುತ್ತಾರೆ. ಮಾತು ಬಿಟ್ಟ ಇಬ್ಬರು ಶಿಫ್ಟ್ ಬದಲಾಗುವಾಗ ಸರಿಯಾಗಿ ಹೇಳಿಕೊಳ್ಳದೆ ಹೋದರೆ, ಯಾವ ಇಂಜೆಕ್ಷನ್ ಕೊಟ್ಟಾಗಿದೆ, ಯಾವುದು ಬಾಕಿ ಎಂಬುದೇ ತಪ್ಪಿಹೋಗಬಹುದು. ಅದರ ಬೆಲೆ ತೆರುವವನು ಮಂಚದ ಮೇಲೆ ಮಲಗಿರುವ ಬಡವ.

ಆದ್ದರಿಂದ ಮಗಳು ಅಳುತ್ತಾ ಫೋನ್ ಮಾಡಿದರೆ "ಬಿಟ್ಟು ಬಾ" ಅನ್ನುವ ಮೊದಲು ಮೂರು ಪ್ರಶ್ನೆ ಕೇಳಿ. ಡ್ಯೂಟಿ ಚಾರ್ಟ್ ಎಲ್ಲರಿಗೂ ಕಾಣುವಂತೆ ಗೋಡೆಯ ಮೇಲಿದೆಯೇ? ದೂರಿದ್ದರೆ ಬರೆದು ಯಾರಿಗೆ ಕೊಡಬೇಕು ಎಂದು ಗೊತ್ತೇ? ಆ ಹಿರಿಯ ಸಿಸ್ಟರ್ ಬೈದರೂ ಕೆಲಸ ಕಲಿಸುತ್ತಾರೆಯೇ? ಕಲಿಸುವವರಾದರೆ ತಾಳ್ಮೆಯಿಂದ ಕಲಿಯಲಿ. ಬರೀ ಅವಮಾನವೇ ಆದರೆ ಬರೆದು ದೂರು ಕೊಡಲಿ, ನೀವು ಬೆನ್ನಿಗೆ ನಿಲ್ಲಿ. ನಾಳೆ ಅವಳೇ ಇನ್‌ಚಾರ್ಜ್ ಆಗುವವಳು. ಅವತ್ತು ಹೊಸ ಹುಡುಗಿಗೆ ಬೈಗುಳ ಸಿಗುತ್ತದೋ ವಿದ್ಯೆ ಸಿಗುತ್ತದೋ ಎಂಬುದು ಇವತ್ತು ಇವಳಿಗೆ ಸಿಕ್ಕ ನ್ಯಾಯದ ಮೇಲೆ ನಿಂತಿದೆ.