ಸೈಬರ್ ದಾಳಿ: ಆರು ಗಂಟೆಗಳ ಗಡುವಿನ ಹಿಂದೆ, ಮುಂದೆ

2022ರ ನವೆಂಬರ್ 23ರಂದು ನವದೆಹಲಿಯ ಅಖಿಲ ಭಾರತ ವೈದ್ಯಕೀಯ ವಿಜ್ಞಾನ ಸಂಸ್ಥೆಯ (ಏಮ್ಸ್) ಕಂಪ್ಯೂಟರ್ ವ್ಯವಸ್ಥೆ ಸ್ತಬ್ಧಗೊಂಡಿತು. ಹೊರರೋಗಿಗಳ ನೋಂದಣಿ, ಪ್ರಯೋಗಾಲಯದ ವರದಿ, ಶುಲ್ಕ ಪಾವತಿ ಎಲ್ಲವೂ ದಿನಗಟ್ಟಲೆ ಕೈಬರಹದಲ್ಲಿ ನಡೆದವು. ಐದು ಸರ್ವರ್‌ಗಳು ದಾಳಿಗೆ ತುತ್ತಾಗಿ, ಸುಮಾರು 1.3 ಟೆರಾಬೈಟ್‌ನಷ್ಟು ದತ್ತಾಂಶ ತೆರೆಯಲಾಗದಂತೆ ಗೂಢಲಿಪೀಕರಣಗೊಂಡಿತ್ತು ಎಂದು ಕೇಂದ್ರ ಸರ್ಕಾರ ಸಂಸತ್ತಿಗೆ ತಿಳಿಸಿತು. ಜಾಲವನ್ನು ಸರಿಯಾಗಿ ವಿಭಾಗಿಸದೇ ಇದ್ದುದೇ ದಾಳಿಕೋರರಿಗೆ ಅನುಕೂಲವಾಯಿತೆಂಬುದು ತನಿಖೆಯಲ್ಲಿ ಕಂಡುಬಂದ ಅಂಶ. ಬಾಧಿತವಾಗದ ಪ್ರತ್ಯೇಕ ಸರ್ವರ್‌ನಲ್ಲಿದ್ದ ಪ್ರತಿಯಿಂದ ರೋಗಿಗಳ ದಾಖಲೆಗಳನ್ನು ಮರಳಿ ಪಡೆಯಲಾಯಿತು.

ಇಂತಹ ಘಟನೆ ಸಂಭವಿಸಿದಾಗ ಸರ್ಕಾರದ ಪರವಾಗಿ ಯಾರು, ಏನು ಮಾಡುತ್ತಾರೆ?

ಎರಡು ಸಂಸ್ಥೆಗಳು

ಮೊದಲನೆಯದು, 2004ರಲ್ಲಿ ಕಾರ್ಯಾರಂಭ ಮಾಡಿದ ಭಾರತೀಯ ಕಂಪ್ಯೂಟರ್ ತುರ್ತು ಸ್ಪಂದನಾ ತಂಡ (ಸರ್ಟ್-ಇನ್). ಕೇಂದ್ರ ಎಲೆಕ್ಟ್ರಾನಿಕ್ಸ್ ಮತ್ತು ಮಾಹಿತಿ ತಂತ್ರಜ್ಞಾನ ಸಚಿವಾಲಯದ ಅಧೀನದಲ್ಲಿರುವ ಈ ತಂಡಕ್ಕೆ ಮಾಹಿತಿ ತಂತ್ರಜ್ಞಾನ ಕಾಯ್ದೆಯ 70ಬಿ ಕಲಮಿನಡಿ ಕಾನೂನಿನ ಬಲವಿದೆ. ಘಟನೆಗಳ ಮಾಹಿತಿ ಸಂಗ್ರಹ, ಮುನ್ನೆಚ್ಚರಿಕೆ ನೀಡಿಕೆ ಮತ್ತು ತುರ್ತು ಕ್ರಮ ಅದರ ಹೊಣೆ.

ಎರಡನೆಯದು, 70ಎ ಕಲಮಿನಡಿ 2014ರ ಜನವರಿಯಲ್ಲಿ ರಚನೆಯಾದ ರಾಷ್ಟ್ರೀಯ ನಿರ್ಣಾಯಕ ಮಾಹಿತಿ ಮೂಲಸೌಕರ್ಯ ರಕ್ಷಣಾ ಕೇಂದ್ರ. ವಿದ್ಯುತ್, ಬ್ಯಾಂಕಿಂಗ್, ದೂರಸಂಪರ್ಕ, ಸಾರಿಗೆ ಮುಂತಾದ ಕ್ಷೇತ್ರಗಳ ವ್ಯವಸ್ಥೆಗಳು ಕುಸಿದರೆ ರಾಷ್ಟ್ರದ ಭದ್ರತೆಗೇ ಧಕ್ಕೆ ಎಂಬ ಕಾರಣಕ್ಕೆ ಅವುಗಳ ರಕ್ಷಣೆಯನ್ನು ಈ ಕೇಂದ್ರಕ್ಕೆ ವಹಿಸಲಾಗಿದೆ. ಸರ್ಕಾರ 'ಸಂರಕ್ಷಿತ ವ್ಯವಸ್ಥೆ' ಎಂದು ಘೋಷಿಸಿದ ಕಂಪ್ಯೂಟರ್‌ಗಳಿಗೆ ಅಕ್ರಮವಾಗಿ ಪ್ರವೇಶಿಸಿದವರಿಗೆ 10 ವರ್ಷಗಳವರೆಗೆ ಸೆರೆವಾಸ ವಿಧಿಸಬಹುದು. ಸೈಬರ್ ಭಯೋತ್ಪಾದನೆಗೆ 66ಎಫ್ ಕಲಮಿನಡಿ ಜೀವಾವಧಿ ಶಿಕ್ಷೆಗೂ ಅವಕಾಶವಿದೆ.

ಈ ಭೀತಿ ಕಾಲ್ಪನಿಕವಲ್ಲ. ಕೂಡಂಕುಳಂ ಅಣು ವಿದ್ಯುತ್ ಸ್ಥಾವರದ ಆಡಳಿತ ಜಾಲಕ್ಕೆ ಸೇರಿದ ಒಂದು ಕಂಪ್ಯೂಟರ್‌ನಲ್ಲಿ ಕುತಂತ್ರಾಂಶ ಇದ್ದುದನ್ನು 2019ರ ಅಕ್ಟೋಬರ್‌ನಲ್ಲಿ ಭಾರತೀಯ ಅಣು ವಿದ್ಯುತ್ ನಿಗಮ ಒಪ್ಪಿಕೊಂಡಿತು. ಸ್ಥಾವರದ ನಿಯಂತ್ರಣ ಜಾಲ ಪ್ರತ್ಯೇಕವಾಗಿದ್ದುದರಿಂದ ಅದಕ್ಕೆ ಬಾಧೆಯಾಗಲಿಲ್ಲ ಎಂದು ನಿಗಮ ಸ್ಪಷ್ಟಪಡಿಸಿತು. ಏಮ್ಸ್‌ನಲ್ಲಿ ಕೊರತೆಯಾಗಿದ್ದುದು ಇಂತಹ ಪ್ರತ್ಯೇಕತೆಯೇ.

ಆರು ಗಂಟೆ ಏಕೆ?

2022ರ ಏಪ್ರಿಲ್ 28ರಂದು ಸರ್ಟ್-ಇನ್ ಹೊರಡಿಸಿದ ನಿರ್ದೇಶನದಂತೆ, ಸೈಬರ್ ಘಟನೆ ಗಮನಕ್ಕೆ ಬಂದ ಆರು ಗಂಟೆಗಳೊಳಗೆ ಸಂಸ್ಥೆಗಳು ವರದಿ ಮಾಡಬೇಕು. ವ್ಯವಸ್ಥೆಯ ಚಟುವಟಿಕೆಯ ದಾಖಲೆಗಳನ್ನು 180 ದಿನ ಉಳಿಸಿಕೊಳ್ಳಬೇಕು. ಕೇಳಿದ ಮಾಹಿತಿ ಒದಗಿಸದಿದ್ದರೆ ಒಂದು ವರ್ಷದವರೆಗೆ ಸೆರೆವಾಸ ಅಥವಾ ದಂಡ ವಿಧಿಸಲು ಕಾಯ್ದೆಯಲ್ಲಿ ಆಸ್ಪದವಿದೆ.

ಒಂದು ಸಂಸ್ಥೆಗೆ ನುಗ್ಗಿದ ಕುತಂತ್ರಾಂಶ ಮತ್ತೊಂದಕ್ಕೆ ಹಬ್ಬಲು ಹೆಚ್ಚು ಸಮಯ ಬೇಕಿಲ್ಲ. ಬೇಗ ಸುದ್ದಿ ತಲುಪಿದರೆ ಉಳಿದವರನ್ನು ಎಚ್ಚರಿಸಬಹುದೆಂಬುದೇ ಗಡುವಿನ ತರ್ಕ. ಆದರೆ ತಜ್ಞರಿಲ್ಲದ ಸಣ್ಣ ಸಂಸ್ಥೆಗಳಿಗೆ ಈ ಅವಧಿ ಸಾಲದು ಎಂಬ ಆಕ್ಷೇಪ ಆಗಲೇ ಕೇಳಿಬಂದಿತು. ಗ್ರಾಹಕರ ವಿವರಗಳನ್ನು ಐದು ವರ್ಷ ಕಾಯ್ದಿಡಬೇಕೆಂಬ ಷರತ್ತಿಗೆ ಒಪ್ಪದ ಕೆಲವು ವಿದೇಶಿ ವಿಪಿಎನ್ ಕಂಪನಿಗಳು ಭಾರತದಲ್ಲಿದ್ದ ತಮ್ಮ ಸರ್ವರ್‌ಗಳನ್ನೇ ತೆರವುಗೊಳಿಸಿದವು.

ಜನರಿಗೆ ತಿಳಿಯುವುದೆಂದು?

ಮೇಲಿನ ನಿರ್ದೇಶನ ಸಂಸ್ಥೆ ಸರ್ಕಾರಕ್ಕೆ ತಿಳಿಸಬೇಕೆನ್ನುತ್ತದೆಯೇ ಹೊರತು, ಮಾಹಿತಿ ಕಳೆದುಕೊಂಡ ರೋಗಿಗೋ ಗ್ರಾಹಕನಿಗೋ ತಿಳಿಸಬೇಕೆನ್ನುವುದಿಲ್ಲ. 2023ರ ನವೆಂಬರ್‌ನಲ್ಲಿ ಸರ್ಟ್-ಇನ್ ಅನ್ನು ಮಾಹಿತಿ ಹಕ್ಕು ಕಾಯ್ದೆಯ ಎರಡನೇ ಅನುಸೂಚಿಗೆ ಸೇರಿಸಲಾಯಿತು. ಹೀಗಾಗಿ ಭ್ರಷ್ಟಾಚಾರ ಮತ್ತು ಮಾನವ ಹಕ್ಕು ಉಲ್ಲಂಘನೆಯ ಆರೋಪಗಳ ಹೊರತು ಅದರಿಂದ ಮಾಹಿತಿ ಕೇಳುವಂತಿಲ್ಲ.

ಈ ಕೊರತೆಯನ್ನು ತುಂಬಬೇಕಾಗಿರುವುದು 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ. ದತ್ತಾಂಶ ಸೋರಿಕೆಯಾದಾಗ ಬಾಧಿತ ವ್ಯಕ್ತಿಗೂ ತಿಳಿಸುವುದನ್ನು ಅದು ಕಡ್ಡಾಯಗೊಳಿಸುತ್ತದೆ. ಅದರ ನಿಯಮಗಳು 2025ರ ನವೆಂಬರ್‌ನಲ್ಲಿ ಪ್ರಕಟವಾಗಿದ್ದು, ಹಂತ ಹಂತವಾಗಿ ಜಾರಿಗೆ ಬರಲಿವೆ.

ಹಣ ಕಳೆದುಕೊಂಡ ಸಾಮಾನ್ಯ ನಾಗರಿಕನ ದಾರಿ ಬೇರೆ. ಆತ 1930 ಸಹಾಯವಾಣಿಗೆ ಕೂಡಲೇ ಕರೆ ಮಾಡಬೇಕು. ಕರ್ನಾಟಕದಲ್ಲಿ ಸೈಬರ್ ಅಪರಾಧ ('ಸೆನ್') ಪೊಲೀಸ್ ಠಾಣೆಗಳಲ್ಲಿಯೂ ದೂರು ನೀಡಬಹುದು. ವಂಚಕರ ಖಾತೆಯಿಂದ ಹಣ ಮುಂದಕ್ಕೆ ಹೋಗುವ ಮೊದಲೇ ಅದನ್ನು ತಡೆಹಿಡಿಯಬೇಕಾಗಿರುವುದರಿಂದ ಇಲ್ಲಿ ಆರು ಗಂಟೆಯೂ ದೀರ್ಘವೇ.