ಬೆಳಕು ಮತ್ತು ಅರಿವು

ದೀಪವು ಕೋಣೆಯ ವಸ್ತುಗಳನ್ನೆಲ್ಲ ತೋರಿಸುತ್ತದೆ. ಆದರೆ ತಾನು ತೋರಿಸುತ್ತಿರುವೆನೆಂಬುದನ್ನು ತಾನರಿಯದು. ಸ್ಫಟಿಕವು ಸಮೀಪದ ಹೂವಿನ ಬಣ್ಣವನ್ನು ತಾಳಿದರೂ ಜಡವಾಗಿಯೇ ಉಳಿಯುತ್ತದೆ. ಆದುದರಿಂದಲೇ ಕಾಶ್ಮೀರದ ಉತ್ಪಲದೇವ, ಅಭಿನವಗುಪ್ತ ಮೊದಲಾದ ಶೈವಾಚಾರ್ಯರು ಚೈತನ್ಯಕ್ಕೆ ಎರಡು ಮುಖಗಳನ್ನು ಹೇಳಿದರು. ಬೆಳಗುವುದು ಪ್ರಕಾಶ, ಬೆಳಗುತ್ತಿರುವ ತನ್ನನ್ನು ತಾನರಿಯುವುದು ವಿಮರ್ಶ. ಈ ವಿಮರ್ಶವೇ ಶಕ್ತಿ. ಸೂರ್ಯನನ್ನೂ ಅವನ ಪ್ರಭೆಯನ್ನೂ ಅಗಲಿಸಲಾಗದಂತೆ ಶಿವಶಕ್ತಿಯರನ್ನು ಅಗಲಿಸಲಾಗದೆಂಬುದೇ ಶಕ್ತಿವಿಶಿಷ್ಟಾದ್ವೈತದ ತಿರುಳು.

ಕನ್ನಡ ನಾಡಿನಲ್ಲಿ 12ನೆಯ ಶತಮಾನದ ಶರಣರು ಇಂಥ ತತ್ತ್ವವನ್ನು ‘ಅರಿವು’ ಎಂಬ ಅಚ್ಚಗನ್ನಡದ ಮಾತಿನಲ್ಲಿ ಅಡಕಗೊಳಿಸಿ, ಇಷ್ಟಲಿಂಗದ ರೂಪದಲ್ಲಿ ಅಂಗೈಗೆ ತಂದರು. ಲಿಂಗದ ಕಪ್ಪು ಹೊದಿಕೆಯ ನುಣುಪಿನ ಮೇಲೆ ದೀಪದ ಬೆಳಕು ಬಿಂದುವಾಗಿ ಮಿನುಗುತ್ತದೆ. ಸಾಧಕನು ಅದರಲ್ಲಿ ಎವೆಯಿಕ್ಕದೆ ದೃಷ್ಟಿಯಿರಿಸಲು, ಮನಸ್ಸು ನೆಲೆಗೊಂಡು, ನೋಡುತ್ತಿರುವ ತನ್ನತ್ತಲೇ ತಿರುಗುತ್ತದೆ. ಹೊರಗಿನ ಬೆಳಕು ನಿಮಿತ್ತ. ಒಳಗಿನ ಅರಿವೇ ಗುರಿ.

ಈ ಅರಿವಿಗೆ ಕುಲದ ಕಟ್ಟಿಲ್ಲ. ಕಲ್ಯಾಣಕ್ರಾಂತಿಯ ಬಳಿಕ ಉಳವಿಯತ್ತ ನಡೆದ ಶರಣರಲ್ಲಿ ಡೋಹರ ಕಕ್ಕಯ್ಯನೂ ಒಬ್ಬನೆಂದೂ, ಖಾನಾಪುರ ತಾಲ್ಲೂಕಿನ ಕಕ್ಕೇರಿಯಲ್ಲಿ ಆತನು ಐಕ್ಯನಾದನೆಂದೂ ಪರಂಪರೆ ಹೇಳುತ್ತದೆ. ತೊಗಲು ಹದಮಾಡುವವರ ಕುಲದಲ್ಲಿ ಹುಟ್ಟಿದ ಆತನ ಅಂಗೈಯಲ್ಲಿಯೂ ಮಿನುಗಿದುದು ಅದೇ ಬಿಂದು.

1916ರಲ್ಲಿ ಬೆಳಗಾವಿಯಲ್ಲಿ ಏಳು ಮಂದಿ ತ್ಯಾಗಜೀವಿಗಳು ಕೆ. ಎಲ್. ಇ. ಸಂಸ್ಥೆಯನ್ನು ಸ್ಥಾಪಿಸಿ ಈ ಗಡಿನಾಡಿನಲ್ಲಿ ವಿದ್ಯೆಯ ದೀಪ ಹಚ್ಚಿದರು. ಅಂದಿನಿಂದ ಶಾಲೆಗಳು ಬೆಳೆದಿವೆ. ದಾನಿಗಳ ಎಣ್ಣೆಗೂ ಗುರುಗಳ ಬತ್ತಿಗೂ ಕೊರತೆಯಾಗಿಲ್ಲ. ಆದರೆ ಪುಸ್ತಕದ ವಿದ್ಯೆ ಪ್ರಕಾಶಮಾತ್ರ. ಓದಿದವನು ಪಕ್ಕದಲ್ಲಿ ಕುಳಿತವನ ಕುಲವನ್ನು ಕೇಳಿದನಾದರೆ, ಅವನು ಬಣ್ಣ ತಾಳಿದ ಸ್ಫಟಿಕವೇ ಸರಿ.